ಹಳೆ ರೀಲು ಕುಣಿಯುತ್ತಿದ್ದರೆ ತಪ್ಪು ಹುಡುಕುವುದು ಎಲ್ಲಿಂದ

ದೂರು ಇಷ್ಟೇ. 16 ಎಂಎಂ ಸಿನಿಮಾ ಫಿಲ್ಮಿನ ರೀಲು, 100 ಅಡಿ, ಕಪ್ಪು-ಬಿಳುಪು, ಶಬ್ದ ಇಲ್ಲ. ಉಡುಪಿಯ ರಥಬೀದಿ, ಪರ್ಯಾಯದ ದಿನ, ಬೆಳಕು ಹರಿದ ಮೇಲಿನ ಜನಜಂಗುಳಿ. ಡಿಜಿಟಲ್ ಕಾಪಿ ಮಾಡಲು ಸ್ಕ್ಯಾನರಿಗೆ ಹಾಕಿದರೆ ಮೊದಲ ಅರ್ಧ ನಿಮಿಷ ಪರವಾಗಿಲ್ಲ. ಆಮೇಲೆ ಚಿತ್ರ ಮೇಲೆ ಕೆಳಗೆ ಹಾರಲು ಶುರು. ಒಂದೂವರೆ ನಿಮಿಷ ಆಗುವಷ್ಟರಲ್ಲಿ ತಟತಟ ಶಬ್ದ ಬೇರೆ. ನಾನು ಮೆಷಿನ್ ನಿಲ್ಲಿಸಿದೆ.

ನಿಲ್ಲಿಸಿದ್ದೊಂದು ಸರಿ. ಆಮೇಲೆ ಮಾಡಿದ್ದೆಲ್ಲ ತಪ್ಪು. ಮೆಷಿನ್ ಹಳೆಯದು, ಹಾಗಾಗಿ ತಪ್ಪು ಅದರದ್ದೇ ಅಂದುಕೊಂಡೆ. ಬೆಲ್ಟ್ ಬದಲಿಸಿದೆ. ಗೇಟ್, ಅಂದರೆ ಲೆನ್ಸಿನ ಮುಂದೆ ಫಿಲ್ಮು ನಿಲ್ಲುವ ಸಂದು, ಬಿಚ್ಚಿ ಒರೆಸಿದೆ. ಫಿಲ್ಮನ್ನು ಒತ್ತಿ ಹಿಡಿಯುವ ಸ್ಪ್ರಿಂಗನ್ನು ಬಿಗಿ ಮಾಡಿದೆ. ಬಿಗಿ ಮಾಡಿದ್ದರಿಂದ ಫಿಲ್ಮಿನ ಅಂಚಿನಲ್ಲಿ ಮೆಷಿನಿನ ಹಲ್ಲು ಕೂರುವ ಮೂರು ತೂತು ಹರಿದವು. ಎರಡು ದಿನ ಹೋಯಿತು, ಜೊತೆಗೆ ಮತ್ತೆ ಸಿಗದ ಮೂರು ಫ್ರೇಮಿನ ಅಂಚೂ ಹೋಯಿತು. ಮೂರನೇ ದಿನ ಮಂಗಳೂರಿನಿಂದ ರೀಲಿನ ಮನೆಯವರ ಫೋನು: "ಎಂತ ಆಯ್ತು ಮಾರಾಯ್ರೇ, ಅಜ್ಜನ ರೀಲು ಬರ್ತದಾ ಇಲ್ವಾ?" ಆ ಫೋನು ಇಟ್ಟ ಮೇಲೆ ನೆನಪಾಯಿತು: ಈ ರೀಲನ್ನು ಮೇಜಿನ ಮೇಲಿಟ್ಟು ಒಮ್ಮೆಯೂ ಅಳೆದು ನೋಡಿಲ್ಲ!

ನೀವು ಈ ಎರಡು ದಿನ ಕಳೆಯಬೇಕಾಗಿಲ್ಲ. ನೋಡಬೇಕಾದ ಕ್ರಮ ಕೆಳಗಿದೆ.

ಮೆಷಿನ್ ಮೇಲೆ ಅನುಮಾನ ಇದ್ದರೆ ಅದನ್ನು ಐದು ನಿಮಿಷದಲ್ಲಿ ಮುಗಿಸಿ

ಚೆನ್ನಾಗಿದೆ ಅಂತ ಗೊತ್ತಿರುವ ಹತ್ತು ಅಡಿ ಫಿಲ್ಮನ್ನು ಯಾವಾಗಲೂ ಹತ್ತಿರ ಇಟ್ಟುಕೊಳ್ಳಿ. ಹೊಸ ಪಾಲಿಯೆಸ್ಟರ್ ಲೀಡರ್, ಅಂದರೆ ರೀಲಿನ ತುದಿಗೆ ಹಾಕುವ ಖಾಲಿ ಫಿಲ್ಮು, ಆದರೂ ಸಾಕು. ಅದನ್ನು ಓಡಿಸಿ. ಅದೂ ಕುಣಿದರೆ ಮೆಷಿನ್ ನೋಡಿ: ಗೇಟಿನ ಕೊಳೆ, ಮಳೆಗಾಲದಲ್ಲಿ ಅಂಟಂಟಾದ ರಬ್ಬರ್ ಬೆಲ್ಟ್, ಸುತ್ತಿಕೊಳ್ಳುವ ಬದಿಯ ಎಳೆತ, ವೋಲ್ಟೇಜ್ ಏರಿಳಿತ. ನಮ್ಮ ಕಡೆ ಜೂನ್-ಜುಲೈನಲ್ಲಿ ಒಂದು ಸಿಡಿಲಿಗೆ ಮೋಟಾರಿನ ವೇಗ ಬದಲಾದದ್ದನ್ನು ನಾನೇ ನೋಡಿದ್ದೇನೆ. ಒಳ್ಳೆ ಫಿಲ್ಮು ಅಲುಗಾಡದೆ ಹೋದರೆ ಮೆಷಿನನ್ನು ಬಿಟ್ಟುಬಿಡಿ. ಸ್ಕ್ರೂಡ್ರೈವರ್ ಒಳಗಿಡಿ.

ಕುಣಿತ ಯಾವ ದಿಕ್ಕಿಗೆ ಅನ್ನುವುದನ್ನೂ ಬರೆದುಕೊಳ್ಳಿ. ಮೇಲೆ-ಕೆಳಗೆ ಹಾರಿದರೆ ತೂತಿನ ಕಡೆ ಅನುಮಾನ. ಎಡ-ಬಲ ತೂಗಿದರೆ ಅಂಚಿನ ಕಡೆ, ಅಂದರೆ ಅಂಚು ಹರಿದಿದೆ, ಅಗಲ ಕುಗ್ಗಿದೆ ಅಥವಾ ಬದಿಯ ಗೈಡ್ ಸಡಿಲ. ಎಲ್ಲೋ ಒಂದೊಂದು ಕಡೆ ಮಾತ್ರ ಹಾರಿದರೆ ಅಲ್ಲಿ ಅಂಟಿಸಿದ ಜೋಡು ಇರುತ್ತದೆ. ಹಳೆ ಟೇಪಿನ ಅಂಟು ಸೋರಿ ಪಕ್ಕದ ಸುತ್ತಿಗೂ ಹಿಡಿದಿರುತ್ತದೆ. ಅದನ್ನು ತೆಗೆದು ಫಿಲ್ಮಿಗೆಂದೇ ಇರುವ ತೂತಿನ ಟೇಪು ಹಾಕಿ. ಸ್ಟೇಷನರಿ ಅಂಗಡಿಯ ಸೆಲ್ಲೋ ಟೇಪು ಖಂಡಿತ ಬೇಡ.

ತೂತು ಕಾಣುವಷ್ಟು ಅಗಲಕ್ಕೆ ಸ್ಕ್ಯಾನ್ ಮಾಡಿ

ಇದು ನನಗೆ ತುಂಬ ಇಷ್ಟದ ಪರೀಕ್ಷೆ, ಖರ್ಚಿಲ್ಲ. ಚಿತ್ರದ ಚೌಕಟ್ಟಷ್ಟೇ ಅಲ್ಲ, ಪಕ್ಕದ ತೂತೂ ಪರದೆಯಲ್ಲಿ ಕಾಣುವ ಹಾಗೆ ಕ್ಯಾಮೆರಾ ಹಿಂದಕ್ಕೆ ಎಳೆಯಿರಿ. ಈಗ ಇಪ್ಪತ್ತು ಸೆಕೆಂಡು ನೋಡಿ.

ತೂತು ಮತ್ತು ಚಿತ್ರ ಒಟ್ಟಿಗೇ ಹಾರುತ್ತಿದ್ದರೆ ಫಿಲ್ಮು ಗೇಟಿನಲ್ಲಿ ಸರಿಯಾಗಿ ನಿಲ್ಲುತ್ತಿಲ್ಲ. ದೋಷ ಇವತ್ತಿನದು, ಸರಿ ಮಾಡಬಹುದು. ತೂತು ಅಲುಗದೆ ನಿಂತು ಚಿತ್ರ ಮಾತ್ರ ಕುಣಿದರೆ ಅದು ಅವತ್ತಿನ ಕುಣಿತ. ತೆಗೆದವರ ಕ್ಯಾಮೆರಾದಲ್ಲೋ, ಕಾಪಿ ಮಾಡಿದ ಲ್ಯಾಬಿನಲ್ಲೋ ಆಗಿ ಫಿಲ್ಮಿನೊಳಗೇ ಅಚ್ಚಾಗಿದೆ. ಅದಕ್ಕೆ ನೀವು ಏನೂ ಮಾಡಬೇಕಾಗಿಲ್ಲ. ನೋಡಲು ಕೊಡುವ ಕಾಪಿಯಲ್ಲಿ ಬೇಕಾದರೆ ಸಾಫ್ಟ್‌ವೇರಿನಲ್ಲಿ ನಿಲ್ಲಿಸಿ. ಕಾಪಿಡುವ ಮೂಲ ಸ್ಕ್ಯಾನಿನಲ್ಲಿ ಹಾಗೆಯೇ ಬಿಡಿ. ಕ್ಯಾಮೆರಾ ಹಿಡಿದ ಕೈ ನಡುಗಿದ್ದೂ ದಾಖಲೆಯೇ ಅಂತ ನನ್ನ ಅಭಿಪ್ರಾಯ. ಒಪ್ಪದವರು ಜಾಸ್ತಿ ಇದ್ದಾರೆ, ಇರಲಿ.

ನನ್ನ ರೀಲಿನಲ್ಲಿ ಎರಡೂ ಒಟ್ಟಿಗೇ ಹಾರುತ್ತಿದ್ದವು.

ಮೂಸಿ ನೋಡುವುದು, ಮತ್ತು ನುಸಿಗುಳಿಗೆಯ ಮೋಸ

ಹಳೆ ಮನೆ ಫಿಲ್ಮುಗಳು ಸಾಮಾನ್ಯವಾಗಿ ಅಸಿಟೇಟ್ ಅನ್ನುವ ಪ್ಲಾಸ್ಟಿಕ್ಕಿನವು. ಸೆಕೆ ಮತ್ತು ತೇವ ಸೇರಿದರೆ ಅಸಿಟೇಟ್ ಒಡೆದು ಅಸಿಟಿಕ್ ಆಮ್ಲ ಬಿಡುತ್ತದೆ, ಅಂದರೆ ವಿನೆಗರ್. ಹುಟ್ಟಿದ ಆಮ್ಲವೇ ಮುಂದಿನ ಒಡೆತಕ್ಕೆ ಚುರುಕು ಕೊಡುತ್ತದೆ. ಅದಕ್ಕೇ ಒಂದು ಹಂತ ದಾಟಿದ ಮೇಲೆ ಓಟ ಜೋರು. ವರ್ಷಕ್ಕೆ 3,500 ಮಿ.ಮೀ.ಗೂ ಹೆಚ್ಚು ಮಳೆ ಬೀಳುವ ಮಂಗಳೂರಿನಲ್ಲಿ, ಗೋಡೆ ಬೆವರುವ ಮನೆಯ ಕಪಾಟಿನಲ್ಲಿ, ಇದು ಆಗದಿದ್ದರೇ ಆಶ್ಚರ್ಯ ಅಲ್ವಾ?

ವಿನೆಗರ್ ವಾಸನೆ ಇಲ್ಲಿನವರಿಗೆ ಹೊಸದಲ್ಲ. ಮಂಗಳೂರಿನ ಕ್ರೈಸ್ತರ ಮನೆಯಲ್ಲಿ ಹಂದಿ ಮಾಂಸದ ಅಡುಗೆಯ ದಿನ ಬಾಗಿಲಲ್ಲೇ ಗೊತ್ತಾಗುವ ಹುಳಿ ಘಾಟು ಅದು. ಹಾಗಿದ್ದೂ ನನಗೆ ಈ ಡಬ್ಬಿಯಲ್ಲಿ ಗೊತ್ತಾಗಲಿಲ್ಲ. ಯಾಕೆಂದರೆ ಡಬ್ಬಿಯೊಳಗೆ ನಾಲ್ಕು ನುಸಿಗುಳಿಗೆ ಇದ್ದವು. ಜಿರಲೆ ಬರಬಾರದು ಅಂತ ಯಾರೋ ಪ್ರೀತಿಯಿಂದ ಹಾಕಿದ್ದು. ಅದರ ವಾಸನೆ ಮುಂದೆ ಬೇರೇನೂ ನಿಲ್ಲುವುದಿಲ್ಲ. ಸಾಲದ್ದಕ್ಕೆ ಡಬ್ಬಿಯ ಬಾಯಿಗೆ ಸುತ್ತಲೂ ಕರೆಂಟಿನವರ ಕಪ್ಪು ಟೇಪು. ಉಪ್ಪಿನಕಾಯಿ ಭರಣಿಗೆ ಬಟ್ಟೆ ಕಟ್ಟಿದಷ್ಟೇ ಜಾಗ್ರತೆ! ಆದರೆ ಇಲ್ಲಿ ಆ ಜಾಗ್ರತೆ ತಿರುಗಿ ಹೊಡೆಯಿತು. ಆಮ್ಲ ಹೊರಗೆ ಹೋಗಲು ದಾರಿ ಸಿಗದೆ ಒಳಗೇ ಉಳಿಯಿತು. ಡಬ್ಬಿಯ ಒಳಮೈ ತುಕ್ಕು ಹಿಡಿದಿದ್ದೂ ಅದರಿಂದಲೇ.

ಹಾಗಾಗಿ ಮೂಸುವ ಮೊದಲು: ನುಸಿಗುಳಿಗೆ, ರಬ್ಬರ್ ಬ್ಯಾಂಡು, ಒಳಗಿನ ಚೀಟಿ ಎಲ್ಲ ತೆಗೆಯಿರಿ. ಚೀಟಿಯಲ್ಲಿ ಬರೆದದ್ದನ್ನು ಫೋಟೊ ತೆಗೆದು ಬೇರೆ ಕಡೆ ಇಡಿ, ಬಿಸಾಡಬೇಡಿ. ರೀಲನ್ನು ಎರಡು ದಿನ ಗಾಳಿಯಾಡುವ, ಧೂಳಿಲ್ಲದ ಒಣ ಕೋಣೆಯಲ್ಲಿ ತೆರೆದಿಡಿ. ಆಮೇಲೆ ಸ್ವಚ್ಛವಾದ ಪ್ಲಾಸ್ಟಿಕ್ ಡಬ್ಬಿಗೆ ಹಾಕಿ ಒಂದು ದಿನ ಮುಚ್ಚಿ. ಮುಚ್ಚಳ ತೆಗೆದಾಗ ಕೈಯಿಂದ ಗಾಳಿಯನ್ನು ಮೂಗಿನ ಕಡೆ ತಂದು ನೋಡಿ. ಮೂಗನ್ನೇ ಒಳಗೆ ತೂರಬೇಡಿ, ಘಾಟು ಗಂಟಲು ಹಿಡಿಯುತ್ತದೆ. ನಾನು ಹೀಗೆ ಮಾಡಿದಾಗ ಹುಳಿ ವಾಸನೆ ಸ್ಪಷ್ಟವಾಗಿ ಬಂತು.

ಮೂಗು ಒಬ್ಬೊಬ್ಬರದು ಒಂದೊಂದು ತರ. ಅದಕ್ಕೇ ಎ-ಡಿ ಸ್ಟ್ರಿಪ್ ಅಂತ ಕಾಗದದ ಪಟ್ಟಿಗಳಿವೆ. ಅಮೆರಿಕದ ರೋಚೆಸ್ಟರಿನಲ್ಲಿರುವ ಇಮೇಜ್ ಪರ್ಮನೆನ್ಸ್ ಇನ್‌ಸ್ಟಿಟ್ಯೂಟ್ ಮಾಡಿದ್ದು. ನೀಲಿ ಪಟ್ಟಿಯನ್ನು ಡಬ್ಬಿಯಲ್ಲಿ ಹಾಕಿ ಮುಚ್ಚಿ ಒಂದು ದಿನ ಇಟ್ಟರೆ ಆಮ್ಲ ಇದ್ದಷ್ಟು ಹಸಿರಾಗಿ, ಆಮೇಲೆ ಹಳದಿಯಾಗುತ್ತದೆ. ಜೊತೆಗೆ ಬರುವ ಬಣ್ಣದ ಪೆನ್ಸಿಲಿಗೆ ಹೋಲಿಸಿ 0ಯಿಂದ 3ರವರೆಗೆ ಓದಬೇಕು. 1.5 ಅಂದರೆ ಓಟ ಜೋರಾಗುವ ಗಡಿ. ಬರಿಗೈಯಲ್ಲಿ ಪಟ್ಟಿ ಮುಟ್ಟಬೇಡಿ, ಬೆವರಿಗೂ ಬಣ್ಣ ಕೆಡುತ್ತದೆ. ನನ್ನ ರೀಲು 2 ತೋರಿಸಿತು.

ಸ್ಕೇಲು ಹಿಡಿದು ಅಳೆಯುವುದು

ಕುಣಿತಕ್ಕೆ ನಿಜವಾದ ಉತ್ತರ ಸಿಗುವುದು ಇಲ್ಲಿ. 16 ಎಂಎಂ ಪ್ರಿಂಟಿನಲ್ಲಿ ಒಂದು ತೂತಿನಿಂದ ಮುಂದಿನ ತೂತಿಗೆ 7.62 ಮಿ.ಮೀ. ಹಾಗಾದರೆ 100 ತೂತಿನ ಅಂತರ 762 ಮಿ.ಮೀ. ಇರಬೇಕು. ಒಂದು ಮೀಟರಿನ ಸ್ಟೀಲ್ ಸ್ಕೇಲು ಹಾರ್ಡ್‌ವೇರ್ ಅಂಗಡಿಯಲ್ಲಿ ಸಿಗುತ್ತದೆ. ದರ್ಜಿಯ ಟೇಪು ಬೇಡ, ಅದು ಎಳೆದಷ್ಟು ಉದ್ದ.

ಫಿಲ್ಮನ್ನು ಮೇಜಿನ ಮೇಲೆ ಚಪ್ಪಟೆಯಾಗಿ ಇಡಿ. ಒಂದು ತೂತಿನ ಎಡ ಅಂಚಿಗೆ ಸ್ಕೇಲಿನ ಸೊನ್ನೆ ಹಿಡಿಯಿರಿ. ಈಗ ಎಣಿಸಿ. ಎಲ್ಲರೂ ಜಾರುವುದು ಇಲ್ಲೇ. 100 ತೂತು ಎಣಿಸಿ ನಿಲ್ಲಿಸಿದರೆ ನಿಮ್ಮ ಹತ್ತಿರ ಇರುವುದು 99 ಅಂತರ! ಹೊಚ್ಚ ಹೊಸ ಫಿಲ್ಮೂ 1 ಪರ್ಸೆಂಟ್ ಕುಗ್ಗಿದ ಹಾಗೆ ಕಾಣುತ್ತದೆ. ಮೊದಲ ತೂತಿಗೆ "ಸೊನ್ನೆ" ಅನ್ನಿ, ಆಮೇಲೆ ಒಂದು, ಎರಡು. ನೂರು ಅಂದಾಗ ನೀವು 101ನೆಯ ತೂತಿನ ಮೇಲೆ ಇರುತ್ತೀರಿ. ಅದರ ಎಡ ಅಂಚು ಎಷ್ಟಕ್ಕೆ ಬಂತು ಅಂತ ಭೂತಗನ್ನಡಿಯಲ್ಲಿ ಓದಿ. ಹತ್ತತ್ತಕ್ಕೆ ಒಂದು ಹುಣಸೆ ಬೀಜ ಪಕ್ಕಕ್ಕೆ ಇಟ್ಟುಕೊಳ್ಳುತ್ತೇನೆ. ನಗಬೇಡಿ, ಎಂಬತ್ತರ ಹತ್ತಿರ ಫೋನು ಬಂದಾಗ ಉಪಕಾರಕ್ಕೆ ಬರುತ್ತದೆ.

ಇನ್ನೊಂದು ಸಣ್ಣ ಗುಂಡಿ ಇದೆ. ಕ್ಯಾಮೆರಾದ ನೆಗೆಟಿವ್ ಫಿಲ್ಮಿನ ಅಂತರ ಹುಟ್ಟಿನಿಂದಲೇ ಸ್ವಲ್ಪ ಕಮ್ಮಿ, 7.605 ಮಿ.ಮೀ. ಅದನ್ನು 760.5ಕ್ಕೆ ಹೋಲಿಸಬೇಕು. ನನ್ನದು ನೇರ ಪ್ರೊಜೆಕ್ಟರಿಗೆ ಹಾಕುವ ರಿವರ್ಸಲ್ ಫಿಲ್ಮು, ಹಾಗಾಗಿ ಲೆಕ್ಕ 762ರದ್ದೇ.

ಮೂರು ಕಡೆ ಅಳೆದೆ. ಶುರುವಿನಲ್ಲಿ 755, ಅಂದರೆ 0.92 ಪರ್ಸೆಂಟ್ ಕುಗ್ಗಿದೆ. ನಡುವೆ 753, 1.18 ಪರ್ಸೆಂಟ್. ಕೊನೆಯಲ್ಲಿ 752, 1.31 ಪರ್ಸೆಂಟ್. ಅರ್ಧ ನಿಮಿಷದ ನಂತರವೇ ಕುಣಿತ ಯಾಕೆ ಜೋರಾಯಿತು ಅನ್ನುವುದಕ್ಕೆ ಬೇರೆ ಉತ್ತರ ಬೇಕಾಗಿಲ್ಲ. ಒಳಸುತ್ತುಗಳು ಹೆಚ್ಚು ಕುಗ್ಗಿವೆ.

ಹಲ್ಲುಚಕ್ರದ ಹಲ್ಲುಗಳು 7.62ರ ಅಂತರದಲ್ಲೇ ಇರುತ್ತವೆ, ಅವು ಕುಗ್ಗುವುದಿಲ್ಲ. ಫಿಲ್ಮಿನ ತೂತು 7.53ಕ್ಕೆ ಬಂದಿದ್ದರೆ ಹಲ್ಲು ತೂತಿನ ಮಧ್ಯಕ್ಕೆ ಬೀಳದೆ ಅಂಚಿಗೆ ಹತ್ತುತ್ತದೆ. ಸ್ವಲ್ಪ ಹೊತ್ತು ಹೊಂದಿಕೊಂಡು ಹೋಗಿ, ಆಮೇಲೆ ಜಾರಿ ಮುಂದಿನ ತೂತಿಗೆ ಬೀಳುತ್ತದೆ. ಪರದೆಯ ಮೇಲೆ ಕಂಡ ಹಾರಾಟ ಅದು. ತಟತಟ ಅನ್ನುವುದು ತೂತಿನ ಅಂಚು ಒಡೆಯುವ ಶಬ್ದ. ಅದು ಕೇಳಿದ ಮೇಲೆ ಒಂದು ಸೆಕೆಂಡೂ ಓಡಿಸಬೇಡಿ.

ನಾನು ಇಟ್ಟುಕೊಂಡ ಲೆಕ್ಕ ಇದು: 0.8 ಪರ್ಸೆಂಟ್ ದಾಟಿದರೆ ಪ್ರೊಜೆಕ್ಟರಿಗೆ ಕೊಡುವುದಿಲ್ಲ. 1 ದಾಟಿದರೆ ಹಲ್ಲಿರುವ ಯಾವ ಮೆಷಿನಿಗೂ ಇಲ್ಲ, ರಬ್ಬರ್ ರೋಲರಿನಲ್ಲಿ ಎಳೆದು ತೂತಿನ ಜಾಗವನ್ನು ಕ್ಯಾಮೆರಾದಲ್ಲೇ ಗುರುತಿಸುವ ಸ್ಕ್ಯಾನರಿಗೆ ಮಾತ್ರ. "ಸುಮ್ನೆ ಒಮ್ಮೆ ಹಾಕಿ ನೋಡುವ" ಅಂತ ಮನೆಯಲ್ಲಿರುವ ಹಳೆ ಪ್ರೊಜೆಕ್ಟರ್ ತೆಗೆಯುವವರಿಗೆ ಕೈ ಮುಗಿದು ಹೇಳುತ್ತೇನೆ, ಬೇಡ.

ಸೂಪರ್ 8 ಆದರೆ 100 ಅಂತರಕ್ಕೆ 423.4 ಮಿ.ಮೀ., ಅದಕ್ಕೂ ಹಳೆಯ 8 ಎಂಎಂ ಆದರೆ 381. ಲೆಕ್ಕ ಅದೇ.

ಚಿತ್ರ ಹಾರುವುದಿಲ್ಲ, ಆದರೆ ಮಂಜಾಗುತ್ತದೆ, ಸರಿಯಾಗುತ್ತದೆ, ಮತ್ತೆ ಮಂಜಾಗುತ್ತದೆ

ಇದು ಲೆನ್ಸಿನ ತಪ್ಪಲ್ಲ. ಕುಗ್ಗಿದ ಫಿಲ್ಮು ಗೇಟಿನಲ್ಲಿ ಚಪ್ಪಟೆಯಾಗಿ ಕೂರುತ್ತಿಲ್ಲ. ಬೇಸು, ಅಂದರೆ ಅಡಿಯ ಪ್ಲಾಸ್ಟಿಕ್ಕು, ಕುಗ್ಗುತ್ತದೆ, ಚಿತ್ರವಿರುವ ಮೇಲಿನ ಜೆಲಾಟಿನ್ ಪದರ ಅಷ್ಟು ಕುಗ್ಗುವುದಿಲ್ಲ. ಹಪ್ಪಳ ಸುಟ್ಟಾಗ ಅಂಚು ಏಳುವ ಹಾಗೆ ಫಿಲ್ಮು ಏಳುತ್ತದೆ. ರೀಲನ್ನು ಬದಿಯಿಂದ ನೋಡಿದರೆ ದುಂಡಗಿರದೆ ಗಾಡಿ ಚಕ್ರದ ಕಡ್ಡಿಗಳ ಹಾಗೆ ಗೆರೆಗಳು ಕಾಣುತ್ತವೆ. ಬಲವಾಗಿ ಒತ್ತಿ ಚಪ್ಪಟೆ ಮಾಡಲು ಹೋಗಬೇಡಿ. ನಾನು ಮಾಡಿದ್ದರ ಫಲ ಮೇಲೆ ಓದಿದ್ದೀರಿ.

ಬಿಳಿ ಪುಡಿ ಕಂಡರೆ

ಇಲ್ಲಿ ಮೂರು ಬೇರೆ ಬೇರೆ ಸಂಗತಿಗಳನ್ನು ಎಲ್ಲರೂ "ಬೂಷ್ಟು" ಅಂದುಬಿಡುತ್ತಾರೆ. ಭೂತಗನ್ನಡಿ ಹಿಡಿಯಿರಿ. ಜೇಡನ ಬಲೆಯ ಹಾಗೆ ಕವಲೊಡೆದು ಹರಡಿದ್ದರೆ, ಅದೂ ಚಿತ್ರವಿರುವ ಮಂದ ಬದಿಯಲ್ಲಿ, ಅದು ಬೂಷ್ಟು. ಅಂಚಿನ ಉದ್ದಕ್ಕೂ ಸೂಜಿ ಅಥವಾ ಸಕ್ಕರೆ ಪುಡಿಯ ಹಾಗಿದ್ದು ಮೃದು ಬ್ರಶ್ಶಿಗೆ ಉದುರಿದರೆ ಫಿಲ್ಮನ್ನು ಮೆತ್ತಗಿಡಲು ಬೆರೆಸಿದ ಪದಾರ್ಥ ಹೊರಗೆ ಬಂದಿದೆ, ಅಂದರೆ ವಿನೆಗರ್ ಕಾಯಿಲೆ ಮುಂದೆ ಹೋಗಿದೆ. ಎರಡು ದಿನ ಗಾಳಿಗಿಟ್ಟಾಗ ತಾನೇ ಮಾಯವಾದರೆ ಅದು ನುಸಿಗುಳಿಗೆಯ ಹರಳು.

ಬೂಷ್ಟಾದರೆ ನೀರು ಮುಟ್ಟಿಸಬೇಡಿ. ಜೆಲಾಟಿನ್ ಅಂದರೆ ಬೂಷ್ಟಿಗೆ ಊಟ. ಅದು ತಿಂದ ಜಾಗದ ಜೆಲಾಟಿನ್ ನೀರಿಗೆ ಕರಗುತ್ತದೆ. ನನ್ನ ಪರಿಚಯದ ಒಬ್ಬರು ಒದ್ದೆ ಬಟ್ಟೆಯಲ್ಲಿ ಒರೆಸಿದರು. ಬಟ್ಟೆ ಕಂದಾಯಿತು, ಫಿಲ್ಮು ಗಾಜಿನ ಹಾಗೆ ಸ್ವಚ್ಛವಾಯಿತು. ಮದುವೆಯ ಧಾರೆ ಇದ್ದ ಜಾಗ ಅದು. ಮೊದಲು ಸಿಲಿಕಾ ಜೆಲ್ ಇಟ್ಟ ಡಬ್ಬಿಯಲ್ಲಿ ಕೆಲವು ದಿನ ಒಣಗಿಸಿ. ಬೂಷ್ಟು ಒಣಗಿ ಪುಡಿಯಾದ ಮೇಲೆ ಮಾಸ್ಕ್ ಹಾಕಿಕೊಂಡು, ಮನೆಯ ಹೊರಗೆ, ಮೃದು ಬ್ರಶ್ಶಿನಲ್ಲಿ ತೆಗೆಯಿರಿ. ಸಿಲಿಕಾ ಜೆಲ್ ಕಿತ್ತಳೆ ಬಣ್ಣದ್ದು ತನ್ನಿ, ತೇವ ಕುಡಿದಾಗ ಹಸಿರಾಗುತ್ತದೆ. ಹಸಿರಾದದ್ದನ್ನು ಮರೆತು ಒಳಗೇ ಬಿಟ್ಟರೆ ಇಟ್ಟೂ ಪ್ರಯೋಜನ ಇಲ್ಲ.

ಚಿಕ್ಕ ದೂರುಗಳು

ಬಣ್ಣದ ಫಿಲ್ಮು ಪೂರ್ತಿ ಗುಲಾಬಿಯಾಗಿದೆ ಅಂದರೆ ಅಂಚಿನ ಅಕ್ಷರಗಳನ್ನೂ ಕಪ್ಪು ಜಾಗವನ್ನೂ ನೋಡಿ. ಅವೂ ಕೆಂಪಾಗಿದ್ದರೆ ಬಣ್ಣ ಹಾರಿದೆ. ಅಂಚು ಸರಿ ಇದ್ದು ಚಿತ್ರಕ್ಕೆ ಮಾತ್ರ ಬೇರೆ ಛಾಯೆ ಇದ್ದರೆ ತೆಗೆಯುವಾಗಲೇ ಬೆಳಕಿಗೆ ಹೊಂದದ ಫಿಲ್ಮು ಹಾಕಿದ್ದರು. ಕೊಡಾಕ್ ಕಂಪನಿಯ ಕೊಡಾಕ್ರೋಮ್ ಅನ್ನುವ ಬಣ್ಣದ ಫಿಲ್ಮು ಕತ್ತಲಲ್ಲಿ ಇಟ್ಟರೆ ಸುಲಭಕ್ಕೆ ಬಣ್ಣ ಬಿಡುವುದಿಲ್ಲ. ಆದರೆ ಡೆವಲಪ್ ಆಗದ ಕೊಡಾಕ್ರೋಮ್ ಸಿಕ್ಕಿದರೆ ಕಷ್ಟ, ಅದನ್ನು ತೊಳೆಯುತ್ತಿದ್ದ ಕೊನೆಯ ಲ್ಯಾಬು 2010ರ ಕೊನೆಗೆ ಆ ಕೆಲಸ ನಿಲ್ಲಿಸಿತು.

ಜನ ಬಸ್ಸಿಗೆ ಓಡುವವರ ಹಾಗೆ ನಡೆಯುತ್ತಿದ್ದರೆ ದೋಷ ಫಿಲ್ಮಿನಲ್ಲಿ ಇಲ್ಲ. ಶಬ್ದವಿಲ್ಲದ ಮನೆ ಫಿಲ್ಮನ್ನು ಸೆಕೆಂಡಿಗೆ 16 ಅಥವಾ 18 ಫ್ರೇಮಿನಲ್ಲಿ ತೆಗೆದಿರುತ್ತಾರೆ, ನೀವು 24ರಲ್ಲಿ ನೋಡುತ್ತಿದ್ದೀರಿ. 100 ಅಡಿಯಲ್ಲಿ 4,000 ಫ್ರೇಮು. 24ರಲ್ಲಿ ಎರಡು ಮುಕ್ಕಾಲು ನಿಮಿಷ, 16ರಲ್ಲಿ ನಾಲ್ಕು ನಿಮಿಷ ದಾಟುತ್ತದೆ.

ಅಂಚಿನಲ್ಲಿ ಶಬ್ದಕ್ಕೆಂದು ಹಾಕಿದ ಕಂದು ಬಣ್ಣದ ಕಾಂತೀಯ ಪಟ್ಟಿ ಇದ್ದರೆ ಅದನ್ನು ಸಾಲಿನ ಮುಂದಕ್ಕೆ ತನ್ನಿ. ಆ ಪಟ್ಟಿಯ ಕಬ್ಬಿಣದ ಅಂಶ ವಿನೆಗರ್ ಕಾಯಿಲೆಯನ್ನು ಬೇಗ ತರುತ್ತದೆ.

35 ಎಂಎಂ ಡಬ್ಬಿ ಸಿಕ್ಕಿದರೆ

16 ಮತ್ತು 8 ಎಂಎಂ ಮನೆ ಫಿಲ್ಮಿನಲ್ಲಿ ಬೆಂಕಿಯ ಈ ಭಯ ಇಲ್ಲ. 35 ಎಂಎಂ, ಅದೂ 1950ರ ದಶಕಕ್ಕೂ ಹಿಂದಿನದಾದರೆ ನೈಟ್ರೇಟ್, ಅಂದರೆ ಬೇಗ ಬೆಂಕಿ ಹಿಡಿಯುವ ಹಳೆ ಬಗೆಯ ಫಿಲ್ಮು, ಇರಬಹುದು. ಅಂಟಂಟು, ಕಂದು ಪುಡಿ, ಮೂಗಿಗೆ ಹೊಡೆಯುವ ಕೊಳೆತ ವಾಸನೆ. ಬೆಂಕಿ ಹತ್ತಿದರೆ ತನಗೆ ಬೇಕಾದ ಆಮ್ಲಜನಕವನ್ನು ತಾನೇ ಬಿಡುತ್ತದೆ, ನೀರು ಹಾಕಿದರೂ ಆರುವುದಿಲ್ಲ. ಪುಣೆಯಲ್ಲಿ 2003ರ ಜನವರಿಯಲ್ಲಿ ಫಿಲ್ಮ್ ಇನ್‌ಸ್ಟಿಟ್ಯೂಟ್ ಆವರಣದ ಗೋದಾಮಿನಲ್ಲಿ ಸುಟ್ಟುಹೋದದ್ದು ಇಂಥ ನೈಟ್ರೇಟ್ ಫಿಲ್ಮುಗಳೇ. ತುಂಡು ಕತ್ತರಿಸಿ ಉರಿಸಿ ನೋಡುವ ಪರೀಕ್ಷೆ ಮನೆಯಲ್ಲಿ ಬೇಡವೇ ಬೇಡ. ತಂಪು ಜಾಗದಲ್ಲಿ ಬೇರೆಯಾಗಿಟ್ಟು, ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ತಿಳಿಸಿ.

ತುಳು ಸಿನಿಮಾದ ಡಬ್ಬಿಯಾದರೆ ನೈಟ್ರೇಟಿನ ಯೋಚನೆ ಬಿಡಿ. ಮೊದಲ ತುಳು ಚಿತ್ರ 'ಎನ್ನ ತಂಗಡಿ' ಬಂದದ್ದೇ 1971ರಲ್ಲಿ. ಆದರೆ ವಿನೆಗರಿನ ಯೋಚನೆ ಬಿಡಬೇಡಿ. ಕಾಪಿಡದಿದ್ದರೆ ಏನಾಗುತ್ತದೆ ಅನ್ನುವುದಕ್ಕೆ ಉದಾಹರಣೆ ದೂರ ಇಲ್ಲ: ಕನ್ನಡದ ಮೊದಲ ಮಾತಿನ ಚಿತ್ರ, 1934ರ 'ಸತಿ ಸುಲೋಚನಾ'ದ ಒಂದು ಪ್ರಿಂಟೂ ಇವತ್ತು ಉಳಿದಿಲ್ಲ.

ನಮ್ಮ ರೀಲಿಗೆ ಏನು ಮಾಡಿದೆ

ಹರಿದ ಮೂರು ತೂತಿಗೆ ಟೇಪು ಹಾಕಿದೆ. ಅಲ್ಕೋಹಾಲಿನಲ್ಲಿ ಒರೆಸುವ ಆಸೆ ಬಿಟ್ಟು ಒಣ ಬಟ್ಟೆಯಲ್ಲಿ ಹಗುರವಾಗಿ ಧೂಳು ತೆಗೆದೆ. ಹಲ್ಲಿಲ್ಲದ ಸ್ಕ್ಯಾನರ್ ಇರುವ ಗೆಳೆಯರೊಬ್ಬರು ಬೆಂಗಳೂರಿನಲ್ಲಿದ್ದಾರೆ. ಕೊರಿಯರಿಗೆ ಕೊಡಲು ಧೈರ್ಯ ಬರಲಿಲ್ಲ, ರಾತ್ರಿ ಬಸ್ಸಿನಲ್ಲಿ ಮಡಿಲಲ್ಲಿಟ್ಟುಕೊಂಡು ಹೋದೆ. ಪೂರ್ತಿ ರೀಲು ಒಂದೇ ಸಲಕ್ಕೆ, ಒಂದು ಹಾರಾಟವೂ ಇಲ್ಲದೆ ಬಂತು. ಕೊನೆಯ ಇಪ್ಪತ್ತು ಅಡಿಯಲ್ಲಿ ಮಂಜು ಉಳಿಯಿತು, ಅದಕ್ಕೆ ಮದ್ದಿಲ್ಲ.

ವರ್ಷ ಯಾವುದು ಅಂತ ಮನೆಯವರಿಗೆ ಗೊತ್ತಿರಲಿಲ್ಲ. "ಪೇಜಾವರ ಮಠದ ಪರ್ಯಾಯ ಅಂತ ಅಜ್ಜ ಹೇಳ್ತಿದ್ರು" ಅಂದರು, ಅಷ್ಟೇ. ಹಳೆ ಕೊಡಾಕ್ ಫಿಲ್ಮಿನ ಅಂಚಿನಲ್ಲಿ ತಯಾರಾದ ವರ್ಷವನ್ನು ಸಣ್ಣ ವೃತ್ತ, ಚೌಕ, ತ್ರಿಕೋನದ ಗುರುತಿನಲ್ಲಿ ಹಾಕುತ್ತಿದ್ದರು. ಒಂದೇ ಗುರುತು 20 ವರ್ಷಕ್ಕೊಮ್ಮೆ ಮರುಕಳಿಸುತ್ತದೆ. ನಮ್ಮದರ ಗುರುತು 1947 ಅಥವಾ 1967 ಅನ್ನುತ್ತಿತ್ತು. ಎಂಟು ಮಠ, ಎರಡೆರಡು ವರ್ಷ, ಹಾಗಾಗಿ ಒಂದು ಮಠದ ಸರದಿ ಬರುವುದು 16 ವರ್ಷಕ್ಕೊಮ್ಮೆ. ಪೇಜಾವರ ಮಠದ್ದು 1952, 1968, 1984. ಫಿಲ್ಮು 1967ರದ್ದು, ಪರ್ಯಾಯ 1968ರ ಜನವರಿ 18. ಎರಡು ಪಂಚಾಂಗ ಸೇರಿ ಒಂದೇ ದಿನಕ್ಕೆ ಬೆರಳಿಟ್ಟಾಗ ನನಗೆ ಆದ ಖುಷಿ ಸ್ಕ್ಯಾನ್ ಮುಗಿದಾಗಲೂ ಆಗಿರಲಿಲ್ಲ.

ರೀಲು ಈಗ ಗಾಳಿಯಾಡುವ ಪ್ಲಾಸ್ಟಿಕ್ ಡಬ್ಬಿಯಲ್ಲಿದೆ. ಒಣಗಿಸಿ, ಒಂದರೊಳಗೊಂದು ಎರಡು ಜಿಪ್ ಚೀಲದಲ್ಲಿ ಹಾಕಿ, ಹಿಮ ಕಟ್ಟದ ಫ್ರಿಜ್ಜಿನಲ್ಲಿ ಇಡಲು ಮನೆಯವರಿಗೆ ಹೇಳಿದ್ದೇನೆ. ತಂಪಿನಲ್ಲಿ ಒಡೆತ ನಿಧಾನ, ಹಾಗಾಗಿ ಅಲ್ಲಿ ಮುಚ್ಚಿದ ಚೀಲ ಪರವಾಗಿಲ್ಲ. ಮೀನು ಇಡುವ ಫ್ರಿಜ್ಜು ಬೇರೆ, ಇದು ಬೇರೆ ಅಂತಲೂ ಹೇಳಿದ್ದೇನೆ. ಹೊರಗೆ ತೆಗೆದರೆ ಪೂರ್ತಿ ಒಂದು ದಿನ ಚೀಲ ಬಿಚ್ಚಬಾರದು, ಇಲ್ಲದಿದ್ದರೆ ಇಲ್ಲಿನ ಗಾಳಿಯ ತೇವವೆಲ್ಲ ತಣ್ಣಗಿನ ಫಿಲ್ಮಿನ ಮೇಲೆ ನೀರಾಗಿ ಕೂರುತ್ತದೆ. ಡಬ್ಬಿಯ ಮೇಲೆ ಪೆನ್ಸಿಲಿನಲ್ಲಿ ಬರೆದದ್ದು: 755, 753, 752. ಪಟ್ಟಿ 2. ಮುಂದಿನ ಪಟ್ಟಿ ಆಟಿ (ತುಳುನಾಡಿನ ಮಳೆಗಾಲದ ತಿಂಗಳು) ಕಳೆದ ಮೇಲೆ. ನುಸಿಗುಳಿಗೆ ಹಾಕಬಾರದು.